ನನ್ನ ಹೆಸರಿನ ದಕ್ಷಿಣ ಅಮೆರಿಕ

ದಕ್ಷಿಣ ಅಮೆರಿಕದ ದೇಶಗಳ ಚರಿತ್ರೆಯ ಬಗ್ಗೆ ಕನ್ನಡದಲ್ಲಿ ಒಂದು ಪಠ್ಯಪುಸ್ತಕ ಇದೆ. ಇನ್ನೂರ ಚಿಲ್ಲರೆ ಪುಟ, ನೀಲಿ ರಟ್ಟು, ರಟ್ಟಿನ ಮೇಲೆ ನನ್ನ ಹೆಸರು. ಅದರಲ್ಲಿ ಓದಲು ಯೋಗ್ಯವಾದ ಅಧ್ಯಾಯಗಳನ್ನು ಬರೆದವನು ನಾನಲ್ಲ. ಇದನ್ನು ಇಷ್ಟು ವರ್ಷ ನಾನು ಯಾರಿಗೂ ಹೇಳಿರಲಿಲ್ಲ. ಹೇಳಬೇಕಾದ ಕಡೆ ಯಾರೂ ಕೇಳಲಿಲ್ಲ, ಕೇಳಿದವನಿಗೆ ಮೊದಲೇ ಗೊತ್ತಿತ್ತು.

ಕೆಲವು ವರ್ಷಗಳ ಹಿಂದೆ ಪದವಿ ತರಗತಿಗೆ ಹೊಸ ಪಠ್ಯಕ್ರಮ ಬಂತು. ಇತಿಹಾಸದವರಿಗೆ ಒಂದು ಹೊಸ ಪತ್ರಿಕೆ: ದಕ್ಷಿಣ ಅಮೆರಿಕ, ವಸಾಹತಿನಿಂದ ಇವತ್ತಿನವರೆಗೆ. ನಾನು ಆಗ ಮಂಡ್ಯದ ಒಂದು ಕಾಲೇಜಿನಲ್ಲಿ ಇತಿಹಾಸದ ಮೇಷ್ಟ್ರು, ಈಗಲೂ ಅಲ್ಲೇ. ಗುತ್ತಲಿನಲ್ಲಿ ಮನೆ. ಮೊದಲ ದಿನ ಭೂಪಟ ತೂಗುಹಾಕಿ ಬ್ರೆಜಿಲ್, ಪೆರು, ಬೊಲಿವಿಯ ಎಂದು ಕೋಲಿನಿಂದ ತೋರಿಸುತ್ತಿದ್ದಾಗ ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತಳು.

"ಸಾರ್, ಇದ್ನ ನಾವ್ಯಾಕ್ ಓದ್ಬೇಕು? ಅಲ್ಲಿಯೋರು ಮಂಡ್ಯದ ಇತಿಹಾಸ ಓದ್ತಾರಾ?"

ಪರೀಕ್ಷೆಗೆ ಇದೆಯಮ್ಮ, ಅದಕ್ಕೆ ಎಂದೆ. ನನ್ನ ಹತ್ತಿರ ಇದ್ದ ಉತ್ತರ ಅದೊಂದೇ.

ಕನ್ನಡದಲ್ಲಿ ಪುಸ್ತಕ ಸಿಗುತ್ತಿರಲಿಲ್ಲ. ಮೈಸೂರಿನಲ್ಲಿ ಗೈಡುಗಳನ್ನು ಅಚ್ಚು ಹಾಕುವ ಪ್ರಕಾಶಕರೊಬ್ಬರು ಫೋನ್ ಮಾಡಿ, ಸೆಮಿಸ್ಟರ್ ಮುಗಿಯುವುದರೊಳಗೆ ಒಂದು ಪುಸ್ತಕ ಬರೆದುಕೊಡಿ ಎಂದರು. ಒಪ್ಪಿಕೊಂಡೆ. ಫೋನ್ ಇಟ್ಟ ಮೇಲೆ ನನಗೆ ಆ ಖಂಡದ ಬಗ್ಗೆ ಗೊತ್ತಿರುವುದು ಫುಟ್‌ಬಾಲ್ ಮಾತ್ರ ಎಂದು ಅರಿವಾಯಿತು. ಆಗ ಗೆಳೆಯನಿಗೆ ಫೋನ್ ಮಾಡಿದೆ.

ಅವನು ಬೆಸಗರಹಳ್ಳಿಯವನು. ನಮ್ಮೂರು ಅಲ್ಲಿಂದ ಮೂರು ಮೈಲಿ ದೂರ. ನಮ್ಮದು ಜಮೀನಿರುವ ಮನೆ. ಅವರ ಮನೆಯವರು ತಲೆತಲಾಂತರದಿಂದ ಊರ ಗದ್ದೆಗಳಲ್ಲಿ ಕೂಲಿ ಮಾಡಿದವರು, ಅವನ ಅಪ್ಪನ ಕಾಲಕ್ಕೆ ಬೌದ್ಧರಾದವರು. ಮೈಸೂರಿನಲ್ಲಿ ಇಬ್ಬರೂ ಎಂ.ಎ. ಓದುವಾಗ ಹತ್ತಿರವಾದೆವು. ಬೇರೆ ಜಿಲ್ಲೆಯ ಹುಡುಗರು ನಾವು 'ಅಳ್ಳಿ', 'ಓಯ್ತೀನಿ' ಅನ್ನುವುದನ್ನು ಆಡಿಕೊಂಡು ನಗುತ್ತಿದ್ದರು. ನಗಿಸಿಕೊಂಡವರು ಇಬ್ಬರೇ ಆದ್ದರಿಂದ ಜೊತೆಯಾದೆವು. ಓದಿನಲ್ಲಿ ಅವನು ನನಗಿಂತ ಬಹಳ ಮುಂದು. ನೇಮಕಾತಿ ಪರೀಕ್ಷೆಯ ವರ್ಷ ಅವನಿಗೆ ಟೈಫಾಯಿಡ್ ಬಂತು, ನನಗೆ ಕೆಲಸ ಸಿಕ್ಕಿತು. ಆಮೇಲೆ ಬಹಳ ವರ್ಷ ನೇಮಕಾತಿಯೇ ಆಗಲಿಲ್ಲ. ಅವನು ಮಳವಳ್ಳಿಯ ಕಾಲೇಜೊಂದರಲ್ಲಿ ಅತಿಥಿ ಉಪನ್ಯಾಸಕನಾದ. ಪ್ರತಿ ವರ್ಷ ಬೇಸಿಗೆಯಲ್ಲಿ ಕೆಲಸ ಹೋಗುತ್ತಿತ್ತು, ಮತ್ತೆ ಅರ್ಜಿ ಹಾಕಿ ಕಾಯಬೇಕಿತ್ತು. ಹೀಗೆ ಕಾಯುವವನನ್ನು ಅತಿಥಿ ಎಂದು ಯಾಕೆ ಕರೆಯುತ್ತಾರೋ ನನಗೆ ಇವತ್ತಿಗೂ ತಿಳಿದಿಲ್ಲ.

ವಿಷಯ ಹೇಳಿದಾಗ ಅವನು ನಕ್ಕ. "ಒಬ್ನೇ ಬರುದ್ರೆ ನೀನು ಕಂಪ್ಯೂಟರ್ ನೋಡ್ಕಂಡು ಕಾಪಿ ಒಡೀತೀಯ. ಬಾ, ಇಬ್ರೂ ಬರ್ಯಾನ."

ಭಾನುವಾರಗಳಂದು ಸೇರುವುದೆಂದು ಮಾತಾಯಿತು. ನಾನು ಮಂಡ್ಯದಿಂದ ಬೈಕಿನಲ್ಲಿ ಮದ್ದೂರಿಗೆ ಹೋಗುತ್ತಿದ್ದೆ, ಅವನು ಬಸ್ಸಿನಲ್ಲಿ ಬಂದು ಕಾಯುತ್ತಿದ್ದ. ಅಲ್ಲಿಂದ ವೈದ್ಯನಾಥಪುರಕ್ಕೆ ಹೋಗಿ, ದೇವಸ್ಥಾನದ ಆಚೆ ಹೊಳೆ ದಂಡೆಯ ಮರದಡಿ ಕೂರುತ್ತಿದ್ದೆವು. ಅಲ್ಲಿ ನೆರಳಿತ್ತು, ಮಾತಾಡಿಸುವವರು ಇರಲಿಲ್ಲ. ಯುದ್ಧಗಳು, ಒಪ್ಪಂದಗಳು, ಯಾರ ನಂತರ ಯಾರು ಅಧಿಕಾರಕ್ಕೆ ಬಂದರು ಎಂಬುದು ನನ್ನ ಪಾಲು. ಗಣಿ, ಕಬ್ಬು, ರಬ್ಬರು, ಭೂಮಿ, ಆಮೇಲಿನ ಸೈನಿಕ ಆಡಳಿತದ ಕಾಲ, ಇವೆಲ್ಲ ಅವನ ಪಾಲು. ಹಂಚಿದವನು ನಾನು. ನನಗೆ ಸುಲಭವಾದದ್ದನ್ನು ನಾನಿಟ್ಟುಕೊಂಡೆ.

ಮೊದಲ ಭಾನುವಾರವೇ ಜಗಳ. ನಾನು ಸ್ಪೇನಿನ ಹಡಗುಗಳು ಬಂದು ತಲುಪುವುದರಿಂದ ಶುರು ಮಾಡಿದ್ದೆ. ಅವನು ಹಾಳೆಯನ್ನು ನನ್ನ ತೊಡೆಯ ಮೇಲೆ ವಾಪಸ್ಸು ಇಟ್ಟ.

"ಬಂದೋರಿಂದ ಯಾಕ್ಲಾ ಸುರು ಮಾಡ್ತೀಯ? ಅಲ್ಲಿ ಇದ್ದೋರಿಂದ ಸುರು ಮಾಡು."

ಅವನೇ ಬರೆದು ತಂದ. ಬೆಟ್ಟದ ಇಳಿಜಾರನ್ನು ಮೆಟ್ಟಿಲು ಮೆಟ್ಟಿಲಾಗಿ ಕಡಿದು ಆಲೂಗಡ್ಡೆ ಬೆಳೆದವರು, ಅಕ್ಷರವಿಲ್ಲದೆ ದಾರಕ್ಕೆ ಗಂಟು ಹಾಕಿ ಒಂದು ದೊಡ್ಡ ರಾಜ್ಯದ ದವಸ, ಜನ ಎಲ್ಲವನ್ನೂ ನೆನಪಿಟ್ಟವರು. ಆ ಅಧ್ಯಾಯದ ಕೊನೆಯಲ್ಲಿ ಹಡಗುಗಳು ಬರುತ್ತವೆ. ಓದುವವನಿಗೆ ಅಷ್ಟರಲ್ಲಿ ಬರಬಾರದಾಗಿತ್ತು ಅನ್ನಿಸಿರುತ್ತದೆ.

ಬೊಲಿವಿಯದ ಪೊಟೊಸಿಯ ಬೆಳ್ಳಿ ಬೆಟ್ಟದ ಅಧ್ಯಾಯಕ್ಕೆ ಬಂದಾಗ ಒಂದು ಪದಕ್ಕಾಗಿ ಇಡೀ ಬೆಳಗು ಹೋಯಿತು. ಹಳ್ಳಿಹಳ್ಳಿಯಿಂದ ಗಂಡಸರನ್ನು ಸರದಿಯ ಮೇಲೆ ಗಣಿಗೆ ಎಳೆದುಕೊಂಡು ಹೋಗುವ ಪದ್ಧತಿ ಅಲ್ಲಿತ್ತು. ನಾನು ಅದನ್ನು 'ಸರದಿ ಶ್ರಮ ವ್ಯವಸ್ಥೆ' ಎಂದು ಬರೆಯೋಣ ಅಂದೆ. ಅವನು 'ಬಿಟ್ಟಿ' ಎಂದು ಬರೆದಿದ್ದ.

"ಬಿಟ್ಟಿ ಅಂದ್ರೆ ತಪ್ಪಾಗುತ್ತೆ ಕಣ್ಲಾ," ಅಂದೆ. "ಅಲ್ಲಿ ಒಂಚೂರು ಕೂಲಿ ಕೊಡ್ತಿದ್ರು."

"ನಮ್ಮಲ್ಲೂ ಒಂದು ಇಡಿ ರಾಗಿ ಕೊಡ್ತಿದ್ರು. ಆದ್ರೂ ನಮ್ಮಜ್ಜ ಬಿಟ್ಟಿ ಅಂತಲೇ ಅಂತಿದ್ದ."

ಪುಸ್ತಕದಲ್ಲಿ ಈಗ 'ಸರದಿ ಶ್ರಮ ವ್ಯವಸ್ಥೆ' ಎಂದೇ ಇದೆ.

ಅವನು ಸ್ವಾತಂತ್ರ್ಯದ ಅಧ್ಯಾಯಕ್ಕೂ ಕೈ ಹಾಕಿದ. ಅದು ನನ್ನ ಪಾಲು. ನಾನು ಸೇನಾನಿಗಳ ಬಗ್ಗೆ, ಹಿಮದ ಬೆಟ್ಟ ದಾಟಿದ ಕುದುರೆಗಳ ಬಗ್ಗೆ ಉತ್ಸಾಹದಿಂದ ಬರೆದಿದ್ದೆ. ಅವನು ಅಂಚಿನಲ್ಲಿ ಪೆನ್ಸಿಲಿನಿಂದ ಒಂದು ಪ್ರಶ್ನೆ ಬರೆದ: 'ಮಾರನೆ ದಿನ ಜಮೀನು ಯಾರ ಹತ್ತಿರ ಇತ್ತು?' ಹುಡುಕಿ ನೋಡಿದರೆ, ಮುಕ್ಕಾಲುಪಾಲು ಹಿಂದಿನ ದಿನ ಇದ್ದವರ ಹತ್ತಿರವೇ ಇತ್ತು. ಸ್ಪೇನಿನವರು ಹೋದರು, ಅಲ್ಲೇ ಹುಟ್ಟಿದ ಅವರ ಮಕ್ಕಳು ಮೊಮ್ಮಕ್ಕಳು ಯಜಮಾನರಾದರು. ಬೆಟ್ಟದ ಜನ ಬೆಟ್ಟದಲ್ಲೇ ಇದ್ದರು. ನಾನು ಆ ಪ್ರಶ್ನೆಯನ್ನು ರಬ್ಬರಿನಿಂದ ಅಳಿಸಿ, ಅದರ ಬದಲು 'ಸಾಮಾಜಿಕ ಸುಧಾರಣೆಗಳು ಸೀಮಿತವಾಗಿದ್ದವು' ಎಂದು ಸೇರಿಸಿದೆ.

ಬ್ರೆಜಿಲ್ಲಿನ ಕಬ್ಬಿನ ಅಧ್ಯಾಯ ಅವನು ಬರೆದದ್ದರಲ್ಲೆಲ್ಲ ಒಳ್ಳೆಯದು. ಆಫ್ರಿಕದಿಂದ ಸರಪಳಿಯಲ್ಲಿ ತಂದ ಜನ, ಅವರಿಂದ ಬೆಳೆಸಿದ ಕಬ್ಬು, ಹಗಲಿರುಳು ಆರದ ಒಲೆ, ಯುರೋಪಿನ ಬಟ್ಟಲುಗಳಿಗೆ ಹೋದ ಸಕ್ಕರೆ. ಆ ಖಂಡದಲ್ಲಿ ಗುಲಾಮಗಿರಿಯನ್ನು ಎಲ್ಲರಿಗಿಂತ ಕೊನೆಗೆ ಬಿಟ್ಟ ದೇಶ ಅದು. ಅಲ್ಲಿನ ಗಾಣಗಳ ಪಕ್ಕ ಒಂದು ಕೊಡಲಿ ಇಟ್ಟಿರುತ್ತಿದ್ದರಂತೆ. ಕಬ್ಬು ಕೊಡುವಾಗ ತೂಕಡಿಸಿದವನ ಕೈ ಉರುಳೆಗೆ ಸಿಕ್ಕಿದರೆ, ಇಡೀ ಮೈ ಒಳಗೆ ಹೋಗುವುದಕ್ಕೆ ಮೊದಲು ತೋಳನ್ನು ಕಡಿದುಹಾಕಲು. ಇಷ್ಟು ಬರೆದು ಅವನು ಇನ್ನು ನಾಲ್ಕು ಸಾಲು ಸೇರಿಸಿದ್ದ:

'ಇದನ್ನು ಮಂಡ್ಯ ಜಿಲ್ಲೆಯ ವಿದ್ಯಾರ್ಥಿಗೆ ಹೆಚ್ಚು ವಿವರಿಸಬೇಕಾಗಿಲ್ಲ. ತನ್ನ ಊರಿನ ಆಲೆಮನೆಗೆ ಹೋಗಿ, ಗಾಣಕ್ಕೆ ಕಬ್ಬು ಕೊಟ್ಟು ಮುದುಕರಾದವರ ಕೈಗಳನ್ನು ಅವನು ನೋಡಲಿ. ಬೆರಳುಗಳನ್ನು ಎಣಿಸಲಿ. ಆ ಬೆಲ್ಲವನ್ನು ಯಾರು ತಿಂದರೆಂದು ಮನೆಯಲ್ಲಿ ಕೇಳಲಿ.'

ಹೊಳೆ ದಂಡೆಯಲ್ಲಿ ಕೂತು ನಾನು ಇದನ್ನು ಓದುವಾಗ ಅವನು ನೀರಿನ ಕಡೆ ನೋಡುತ್ತಿದ್ದ. ಚೆನ್ನಾಗಿದೆ ಅಂದೆ. ಹಾಳೆ ಮಡಿಸಿ ಚೀಲಕ್ಕೆ ಹಾಕಿದೆ.

ಅವನು ಹೇಳದೆ ಬಿಟ್ಟಿದ್ದನ್ನು ನಾನು ಇಲ್ಲಿ ಹೇಳಬೇಕು. ನನಗೆ ಒಂಬತ್ತು ವರ್ಷವಾಗಿದ್ದಾಗ ದೊಡ್ಡಪ್ಪನ ಆಲೆಮನೆಗೆ ಬಿಸಿ ಬೆಲ್ಲ ತಿನ್ನಲು ಹೋಗಿದ್ದೆ. ಕರೆಂಟು ಹೋಗಿ ಗಾಣ ನಿಂತಿತ್ತು. ಕಬ್ಬು ಕೊಡುತ್ತಿದ್ದ ಹೆಂಗಸು ಉರುಳೆಗಳ ನಡುವೆ ಸಿಕ್ಕಿಕೊಂಡ ಸಿಪ್ಪೆಯನ್ನು ಬಿಡಿಸುತ್ತಿದ್ದಳು. ಕರೆಂಟು ಹೋದಾಗ ಮೋಟರಿನ ಸ್ಟಾರ್ಟರು ತಾನಾಗಿ ಬಿಟ್ಟುಕೊಳ್ಳಬೇಕು. ಆಮೇಲೆ ಮನುಷ್ಯ ಬಂದು ಗುಂಡಿ ಒತ್ತಿದರೆ ಮಾತ್ರ ಮೋಟರು ಮತ್ತೆ ತಿರುಗಬೇಕು. ದೊಡ್ಡಪ್ಪ ಹೊತ್ತು ಹಾಳಾಗುತ್ತದೆಂದು ಒತ್ತಿದ ಗುಂಡಿ ಮೇಲೇಳದ ಹಾಗೆ ಒಂದು ಕಡ್ಡಿ ಸಿಕ್ಕಿಸಿದ್ದರು. ಕರೆಂಟು ಬಂತು. ಗಾಣ ತಿರುಗಿತು. ಆಕೆಯ ಬಲಗೈಯ ಮೂರು ಬೆರಳು ಹೋದವು.

ದೊಡ್ಡಪ್ಪನೇ ಟ್ರಾಕ್ಟರಿನಲ್ಲಿ ಮದ್ದೂರಿನ ಆಸ್ಪತ್ರೆಗೆ ಕರೆದುಕೊಂಡು ಹೋದರು. ಹೋಗುವ ಮುಂಚೆ ಸ್ಟಾರ್ಟರಿನ ಕಡ್ಡಿಯನ್ನು ಕಿತ್ತು ಒಲೆಗೆ ಎಸೆದದ್ದನ್ನು ನಾನು ನೋಡಿದೆ. ಊರಲ್ಲಿ ಎಲ್ಲರೂ, ಅವಳಿಗೆ ಮೈಮೇಲೆ ಜ್ಞಾನ ಇರಲಿಲ್ಲ ಅಂದರು. ನಮ್ಮ ಮನೆಯಲ್ಲೂ ಅದೇ ಮಾತು. ಕೊಪ್ಪರಿಗೆಯಲ್ಲಿ ಕುದಿಯುತ್ತಿದ್ದ ಕಬ್ಬಿನ ಹಾಲನ್ನು ಯಾರೂ ಚೆಲ್ಲಲಿಲ್ಲ. ಅವತ್ತಿನ ಬೆಲ್ಲವನ್ನು ನಾವು ತಿನ್ನಲಿಲ್ಲ ಅಷ್ಟೆ. ಅದು ಮಂಡ್ಯದ ಮಾರುಕಟ್ಟೆಗೆ ಹೋಯಿತು.

ಆ ಹೆಂಗಸು ನನ್ನ ಗೆಳೆಯನ ಅವ್ವ. ಹಾಸ್ಟೆಲಿನಲ್ಲಿ ಅವನು ತನ್ನ ಊರಿನ ಹೆಸರು ಹೇಳಿದ ದಿನವೇ ನನಗೆ ಅನುಮಾನ ಬಂದಿತ್ತು. ಒಮ್ಮೆ ಆಕೆ ಮಗನನ್ನು ನೋಡಲು ಮೈಸೂರಿಗೆ ಬಂದಾಗ ಕೈ ನೋಡಿ ಖಾತ್ರಿಯಾಯಿತು. ನಾನು ಯಾರ ಮನೆಯವನೆಂದು ಅವನಿಗೂ ಗೊತ್ತಿತ್ತು. ಇಪ್ಪತ್ತು ವರ್ಷ ನಾವು ಒಂದೇ ತಟ್ಟೆಯಲ್ಲಿ ತಿಂದಿದ್ದೇವೆ, ಈ ವಿಷಯ ಒಂದು ದಿನವೂ ಬಾಯಿಗೆ ಬಂದಿರಲಿಲ್ಲ.

ಅಂದು ಮಧ್ಯಾಹ್ನ ಮನೆಗೆ ಬಂದು ನಾನು ಆ ನಾಲ್ಕು ಸಾಲುಗಳ ಮೇಲೆ ಗೀಟು ಎಳೆದೆ. ಪಠ್ಯಪುಸ್ತಕದಲ್ಲಿ ಇಂಥದ್ದು ಇರಬಾರದು, ವಸ್ತುನಿಷ್ಠವಾಗಿರಬೇಕು ಎಂದು ನನಗೆ ನಾನೇ ಹೇಳಿಕೊಂಡೆ. ಅಕ್ಕಪಕ್ಕದಲ್ಲಿ ಯಾರೂ ಇಲ್ಲದಿದ್ದರೂ ಇದನ್ನು ಬಾಯಿಬಿಟ್ಟು ಹೇಳಿದ ನೆನಪಿದೆ.

ಮಿಕ್ಕದ್ದು ಇನ್ನೂ ಸಲೀಸಾಗಿ ನಡೆಯಿತು. ಕರಡು ತಿದ್ದುವಾಗ ಪ್ರಕಾಶಕರು, "ಇಬ್ಬರ ಹೆಸರು ಯಾಕೆ ಸಾರ್? ಖಾಯಂ ಇರೋರ ಹೆಸರು ಇದ್ರೆ ಕಾಲೇಜುಗಳು ತಗೋತಾವೆ. ಅವರನ್ನ ಮುನ್ನುಡಿಯಲ್ಲಿ ನೆನಸಿಕೊಳ್ಳಿ," ಅಂದರು. ನಾನು ಒಂದು ಸಲ, ಹಾಗಲ್ಲ, ಅವನೂ ಬರೆದಿದ್ದಾನೆ ಅಂದೆ. ಅವರು ಎರಡನೆ ಸಲ ಹೇಳಿದಾಗ ಸುಮ್ಮನಾದೆ. ಮುನ್ನುಡಿಯಲ್ಲಿ 'ಸಹಕರಿಸಿದ ಮಿತ್ರರಿಗೆ' ಎಂದು ಬರೆದೆ. ಒಬ್ಬನೇ ಮಿತ್ರನಿಗೆ ಬಹುವಚನ.

ಪುಸ್ತಕ ಬಂದ ಎರಡು ವಾರಕ್ಕೆ ಅವನು ಗುತ್ತಲಿನ ಮನೆಗೆ ಬಂದ. ಮಳವಳ್ಳಿಯ ಅಂಗಡಿಯಲ್ಲಿ ಕೊಂಡ ಪ್ರತಿ ಕೈಯಲ್ಲಿತ್ತು. ನನ್ನ ಹೆಂಡತಿ ಕಾಫಿ ಕೊಟ್ಟಳು, ಅವನು ಕುಡಿದು ಲೋಟ ಕೆಳಗಿಟ್ಟ. ಪುಸ್ತಕ ತೆಗೆದು ಕಬ್ಬಿನ ಅಧ್ಯಾಯದ ಪುಟ ಬಿಚ್ಚಿ ನನ್ನ ಮುಂದೆ ಹಿಡಿದ.

ಹೆಸರಿನ ವಿಷಯಕ್ಕೆ ನಾನು ಉತ್ತರ ತಯಾರು ಮಾಡಿಟ್ಟುಕೊಂಡಿದ್ದೆ. "ಪ್ರಕಾಶಕರು ಒಪ್ಲಿಲ್ಲ ಕಣ್ಲಾ. ನಾನು ಏಳ್ದೆ..."

"ಎಸ್ರು ಓದ್ರೆ ಓಗ್ಲಿ ಬುಡು," ಅಂದ. "ಆ ನಾಲ್ಕು ಸಾಲು ಯಾಕ್ ತೆಗ್ದೆ?"

"ಪಠ್ಯಪುಸ್ತಕ ಅಲ್ವಾ. ಅಂಗೆಲ್ಲ..."

"ನಿಮ್ ದೊಡ್ಡಪ್ಪನ ಎಸ್ರು ಬರ್ದಿದ್ನಾ ನಾನು?"

"ಇಲ್ಲ."

"ನಮ್ಮವ್ವನ ಎಸ್ರು ಬರ್ದಿದ್ನಾ?"

"ಇಲ್ಲ."

"ಮತ್ಯಾಕೆ?"

ನಾನು ಅವನ ಖಾಲಿ ಲೋಟ ಎತ್ತಿಕೊಂಡೆ. ನನ್ನ ಹೆಂಡತಿ ಅಡುಗೆಮನೆ ಬಾಗಿಲಲ್ಲಿ ನಿಂತು ಒಮ್ಮೆ ನನ್ನ ಮುಖ, ಒಮ್ಮೆ ಅವನ ಮುಖ ನೋಡುತ್ತಿದ್ದಳು. ಆಮೇಲೆ ಅವನು ಪುಸ್ತಕವನ್ನು ಚೀಲಕ್ಕೆ ಹಾಕಿಕೊಂಡು, "ಬತ್ತೀನಿ ಕಣಮ್ಮ, ಕಾಫಿ ಚೆನ್ನಾಗಿತ್ತು," ಎಂದು ಅವಳಿಗೆ ಹೇಳಿ ಹೋದ. ನನಗೆ ಹೇಳಲಿಲ್ಲ. ಅವನು ತಿರುವು ದಾಟುವವರೆಗೆ ನೋಡಿ ಹೆಂಡತಿ ಕೇಳಿದಳು, "ಏನದು ನಾಲ್ಕು ಸಾಲು?" ಅವಳಿಗೂ ನಾನು ವಸ್ತುನಿಷ್ಠತೆಯ ಬಗ್ಗೆಯೇ ಹೇಳಿದೆ.

ಪುಸ್ತಕ ಓಡಿತು. ಕಾಲೇಜಿನಲ್ಲಿ ನನಗೆ ಶಾಲು ಹೊದಿಸಿದರು. ಬಡ್ತಿಯ ಸಂದರ್ಶನದಲ್ಲಿ ಮೂವರು ದೊಡ್ಡವರು ಪುಸ್ತಕದ ಹಾಳೆ ತಿರುವಿ, ಕಬ್ಬಿನ ಅಧ್ಯಾಯವನ್ನು ವಿಶೇಷವಾಗಿ ಹೊಗಳಿದರು. ಒಬ್ಬರು, ಸ್ವಂತ ಅನುಭವ ಇದ್ದಹಾಗೆ ಬರೆದಿದ್ದೀರಿ ಅಂದರು. ನಾನು ಕೈ ಮುಗಿದೆ.

ಆ ವರ್ಷ ಪರೀಕ್ಷೆಯ ಮೌಲ್ಯಮಾಪನಕ್ಕೆ ಹೋಗಿದ್ದೆ. ಉತ್ತರ ಪತ್ರಿಕೆಗಳ ಮೇಲೆ ಹೆಸರಿರುವುದಿಲ್ಲ, ಯಾವ ಕಾಲೇಜಿನದೆಂದೂ ತಿಳಿಯುವುದಿಲ್ಲ. ಬ್ರೆಜಿಲ್ಲಿನ ಸಕ್ಕರೆಯ ಬಗ್ಗೆ ಹದಿನೈದು ಅಂಕದ ಪ್ರಶ್ನೆ. ನನ್ನದೇ ಪುಸ್ತಕದ ಸಾಲುಗಳನ್ನು ಬಾಯಿಪಾಠ ಮಾಡಿ ಬರೆದದ್ದನ್ನು ಸಾಲಾಗಿ ತಿದ್ದುತ್ತಾ ಇದ್ದಾಗ ಒಂದು ಪತ್ರಿಕೆಯಲ್ಲಿ ಕೊಡಲಿಯ ನಂತರ ಇನ್ನೂ ನಾಲ್ಕು ಸಾಲು ಇದ್ದವು. ಗೀಟು ಎಳೆದು ತೆಗೆದಿದ್ದ ಅವೇ ಸಾಲು, 'ಬೆರಳುಗಳನ್ನು ಎಣಿಸಲಿ' ಸಮೇತ. ಮಳವಳ್ಳಿಯಲ್ಲಿ ಅವನು ಪುಸ್ತಕ ಬಿಟ್ಟು ತನ್ನ ಕೈಬರಹದಿಂದಲೇ ಪಾಠ ಹೇಳಿದ್ದಾನೆಂದು ಆಗ ಗೊತ್ತಾಯಿತು. ಕೊನೆಯಲ್ಲಿ ಆ ವಿದ್ಯಾರ್ಥಿ ಸ್ವಂತವಾಗಿ ಎರಡು ವಾಕ್ಯ ಸೇರಿಸಿದ್ದ, ಅಥವಾ ಸೇರಿಸಿದ್ದಳು: 'ನಾನು ಹೋಗಿ ನೋಡಿದೆ. ನಮ್ಮ ಊರಿನಲ್ಲಿ ಇಬ್ಬರು ಇದ್ದಾರೆ.'

ಪಕ್ಕದಲ್ಲಿದ್ದವರು ಇಣುಕಿ ನೋಡಿ, "ಇದು ಪುಸ್ತಕದಲ್ಲಿ ಇಲ್ಲವಲ್ಲ ಸಾರ್," ಅಂದರು. ಇಲ್ಲ ಅಂದೆ. ಹದಿನೈದಕ್ಕೆ ಹದಿಮೂರು ಹಾಕಿದೆ. ಎರಡು ಅಂಕ ಯಾಕೆ ಹಿಡಿದುಕೊಂಡೆನೆಂದು ಇವತ್ತಿಗೂ ನನಗೆ ಸರಿಯಾಗಿ ಹೇಳಲಾಗುವುದಿಲ್ಲ.

ಅಲ್ಲಿಂದ ನೇರ ಪ್ರಕಾಶಕರ ಹತ್ತಿರ ಹೋದೆ. ಎರಡನೆ ಮುದ್ರಣಕ್ಕೆ ಇಬ್ಬರ ಹೆಸರು ಹಾಕಬೇಕು, ಬಿಟ್ಟುಹೋದ ನಾಲ್ಕು ಸಾಲು ಸೇರಿಸಬೇಕು ಅಂದೆ. ಅವರು ಗೋದಾಮಿನ ಕಡೆ ಕೈ ತೋರಿಸಿದರು.

"ಪಠ್ಯಕ್ರಮ ಮತ್ತೆ ಬದಲಾಗ್ತಿದೆ ಸಾರ್, ನಿಮ್ಗೆ ಗೊತ್ತಿಲ್ವಾ? ಮುಂದಿನ ವರ್ಷದಿಂದ ಈ ಪತ್ರಿಕೆನೇ ಇಲ್ಲ. ಇರೋದನ್ನೇ ಯಾರಿಗೆ ಮಾರ್ಲಿ?"

ಪತ್ರಿಕೆ ಹೋದ್ದರಿಂದ ಮಳವಳ್ಳಿಯಲ್ಲಿ ತರಗತಿಗಳು ಕಡಿಮೆಯಾಗಿ ಅತಿಥಿಗಳಲ್ಲಿ ಕೊನೆಯವನಿಗೆ ಕೆಲಸ ಹೋಯಿತು. ಕೊನೆಯವನು ಅವನೇ. ಪುಸ್ತಕ ಬರೆದವರಿಗೆ ಅತಿಥಿಗಳ ಆಯ್ಕೆ ಪಟ್ಟಿಯಲ್ಲಿ ಮೇಲಿನ ಜಾಗ ಸಿಗುತ್ತದೆಂದು ಯಾರೋ ಹೇಳಿದರು. ನಿಜವೇ ಎಂದು ನಾನು ವಿಚಾರಿಸಲಿಲ್ಲ. ನಿಜವಾಗಿದ್ದರೆ ಏನು ಮಾಡುವುದೆಂಬ ಭಯ.

ಒಂದು ಬೆಳಿಗ್ಗೆ ಬೆಸಗರಹಳ್ಳಿಗೆ ಹೋದೆ. ಅವನ ಅವ್ವ ಜಗಲಿಯಲ್ಲಿ ಕೂತು ಅವರೆಕಾಯಿ ಸುಲಿಯುತ್ತಿದ್ದರು. ಎರಡು ಬೆರಳಿನ ಆ ಕೈ ಯಾರ ಕೈಗಿಂತಲೂ ನಿಧಾನವಾಗಿರಲಿಲ್ಲ. ನನ್ನನ್ನು ನೋಡಿ ಏಳಲು ಹೋದರು.

"ಕೂತ್ಕಳಿ ಅವ್ವ," ಅಂದೆ.

"ಬನ್ನಿ ಬುದ್ಧಿ," ಅಂದರು. ಆಮೇಲೆ ಒಳಗೆ ನೋಡಿ, "ಬುದ್ಧಿ ಅನ್ಬಾರ್ದು ಅಂತ ಮಗ ಬಯ್ತಾನೆ. ನಾಲ್ಗೆ ಬುಡ್ಬೇಕಲ್ಲ. ಕೂತ್ಕಳಿ. ನಿಮ್ ದೊಡ್ಡಪ್ಪಾರು ಆರಾಮಾ?"

"ಅವ್ರು ಓಗಿ ಮೂರು ವರ್ಷ ಆಯ್ತು ಅವ್ವ."

"ಅಯ್ಯೋ, ನಂಗ್ಯಾರೂ ಏಳ್ನೇ ಇಲ್ಲ," ಎಂದು ಆಕೆ ನಿಜವಾಗಿಯೂ ನೊಂದುಕೊಂಡರು. "ಆಸ್ಪತ್ರೆಗೆ ಅವ್ರೇ ಕರ್ಕಂಡೋಗಿದ್ದು ನನ್ನ. ನನ್ ಜ್ಞಾನ ಎಲ್ಲೋ ಇತ್ತು ಅವತ್ತು. ತಪ್ಪು ನಂದೇಯ."

ಸ್ಟಾರ್ಟರಿನ ಕಡ್ಡಿಯ ವಿಷಯ ಆಕೆಗೆ ಗೊತ್ತಿರಲಿಲ್ಲ. ಮೂವತ್ತೈದು ವರ್ಷ ಆಕೆ ತನ್ನದೇ ತಪ್ಪೆಂದು ನಂಬಿದ್ದರು. ನಾನು ಬಾಯಿ ತೆರೆದೆ. ಅಷ್ಟರಲ್ಲಿ ಗೆಳೆಯ ಒಳಗಿಂದ ಬಂದ. ಮೂವರೂ ಇದ್ದಾಗಲೇ ಹೇಳಿದೆ. ಕರೆಂಟು ಬಂದರೆ ತಾನೇ ತಿರುಗಲಿ ಎಂದು ದೊಡ್ಡಪ್ಪ ಕಡ್ಡಿ ಸಿಕ್ಕಿಸಿದ್ದು, ಆಮೇಲೆ ಅದನ್ನು ಒಲೆಗೆ ಎಸೆದದ್ದು, ನಾನು ನೋಡಿದ್ದು. ಆಕೆಗೆ ಮೋಟರಿನ ಮಾತು ಪೂರ್ತಿ ಅರ್ಥವಾಗಲಿಲ್ಲ. ಮಗ ಬಿಡಿಸಿ ಹೇಳಿದ. ಕೇಳಿದ ಮೇಲೆ ಅವರೆಕಾಯಿಯ ಮೊರವನ್ನು ಪಕ್ಕಕ್ಕೆ ಸರಿಸಿ, ಕೈಯನ್ನು ಸೆರಗಿನಲ್ಲಿ ಸುತ್ತಿಕೊಂಡು, "ಅಂಗಾ," ಅಂದರು. ಎದ್ದು ಒಳಗೆ ಹೋದರು.

ಗೆಳೆಯ ನನ್ನ ಜೊತೆ ಬೈಕಿನವರೆಗೆ ಬಂದ. ಎರಡನೆ ಮುದ್ರಣಕ್ಕೆ ನಾನು ಓಡಾಡಿದ್ದನ್ನು ಹೇಳಿದೆ. ಬೇರೆ ಪ್ರಕಾಶಕರನ್ನು ಹಿಡಿದು ಇನ್ನೊಮ್ಮೆ ಇಬ್ಬರೂ ಬರೆಯೋಣ ಅಂದೆ.

"ದಕ್ಷಿಣ ಅಮೆರಿಕ ಸಾಕು," ಅಂದ. "ನೀನು ಆಲೆಮನೆದು ಬರಿ. ನಿನ್ ಎಸ್ರಲ್ಲೇ ಬರಿ. ಇವತ್ತು ನಮ್ಮವ್ವಂಗೆ ಏಳುದ್ಯಲ್ಲ, ಅದ ಬರಿ. ನಾನ್ಯಾಕ್ ಬರೀಬೇಕು ಅದ್ನ?"

"ನೀನು ನನ್ನ ಕ್ಷಮಿಸ್ತೀಯಾ?"

"ಅದು ಗೊತ್ತಿಲ್ಲ ಕಣ್ಲಾ," ಅಂದ. ಕೋಪದಿಂದ ಹೇಳಲಿಲ್ಲ. ನಿಜಕ್ಕೂ ಗೊತ್ತಿಲ್ಲದವನ ಹಾಗೆ ಹೇಳಿದ.

ಬರೆಯುತ್ತೇನೆಂದು ದೊಡ್ಡಪ್ಪನ ಮಗನಿಗೆ ಮೊದಲೇ ತಿಳಿಸಿದೆ. ಅವನು ನನಗಿಂತ ದೊಡ್ಡವನು, ಜಮೀನು ನೋಡಿಕೊಂಡು ಊರಲ್ಲೇ ಇದ್ದಾನೆ. ಪೂರ್ತಿ ಕೇಳಿಸಿಕೊಂಡು, "ಸತ್ತೋರ ಬಾಯಿಗೆ ಮಣ್ಣಾಕಿದೀವಿ. ನೀನು ಎಂಥದ್ದ ಆಕ್ತೀಯ?" ಎಂದು ಕೇಳಿದ. ಆಸ್ಪತ್ರೆಗೆ ಸೇರಿಸಿದ್ದು ಯಾರು, ಎಂದೂ ಕೇಳಿದ. ಈ ವರ್ಷ ಮಹಾಲಯ ಅಮಾವಾಸ್ಯೆಗೆ ಎಡೆ ಇಡುವಾಗ ನನಗೆ ಕರೆ ಬರಲಿಲ್ಲ. ನನ್ನವ್ವ ಒಬ್ಬರೇ ಬಸ್ಸು ಹತ್ತಿ ಹೋಗಿ ಬಂದರು. ಬಂದವರು ನನ್ನ ಮುಂದೆ ತಟ್ಟೆ ಇಡುವಾಗಲೂ ಮಾತಾಡಲಿಲ್ಲ.

ಗೆಳೆಯ ಈಗ ಮಳವಳ್ಳಿಯಲ್ಲಿ ಒಂದು ಕೋಣೆ ಹಿಡಿದು ಸ್ಪರ್ಧಾತ್ಮಕ ಪರೀಕ್ಷೆಗೆ ಹುಡುಗ ಹುಡುಗಿಯರನ್ನು ತಯಾರು ಮಾಡುತ್ತಾನೆ. ಆ ಪರೀಕ್ಷೆಗಳಲ್ಲಿ ಅರ್ಜೆಂಟೀನಾದ ಸೈನಿಕ ಆಡಳಿತದಲ್ಲಿ ಕಾಣೆಯಾದ ಮಕ್ಕಳ ಬಗ್ಗೆ, ತಲೆಗೆ ಬಿಳಿ ಬಟ್ಟೆ ಕಟ್ಟಿಕೊಂಡು ವಾರವಾರವೂ ಚೌಕದಲ್ಲಿ ಸುತ್ತು ಹಾಕಿದ ತಾಯಂದಿರ ಬಗ್ಗೆ ಪ್ರಶ್ನೆಗಳು ಬರುವುದಿಲ್ಲ. ಆದರೂ ಅವನು ಹೇಳುತ್ತಾನಂತೆ.

ಮೊನ್ನೆ ಮದ್ದೂರಿನ ಬಸ್ ನಿಲ್ದಾಣದಲ್ಲಿ ಕಂಡ. ಮಳವಳ್ಳಿ ಬಸ್ಸಿನಲ್ಲಿ ಕಿಟಕಿ ಪಕ್ಕ ಕೂತಿದ್ದ. ನಾನು ಕೈ ಎತ್ತಿದೆ, ಅವನು ತಲೆ ಆಡಿಸಿದ. ಡ್ರೈವರು ಇನ್ನೂ ಕೆಳಗೆ ನಿಂತು ಟೀ ಕುಡಿಯುತ್ತಿದ್ದ, ಬಸ್ಸು ಹೊರಡಲು ಹೊತ್ತಿತ್ತು. ಅವನ ಪಕ್ಕದ ಸೀಟೂ ಖಾಲಿ ಇತ್ತು. ನಾನು ಹತ್ತಲಿಲ್ಲ.